ಹಳ್ಳಿ, ಹಲ್ಲಿ ಮತ್ತು ನಮ್ಮ ನಗು

ಕಳೆದ ವರ್ಷದ ಕಾಲೇಜು ದಿನಾಚರಣೆಯ ಪ್ರಹಸನ ನಿಮ್ಮಲ್ಲಿ ಹಲವರಿಗೆ ನೆನಪಿರಬಹುದು. ಹತ್ತಿಯ ಗಡ್ಡ ಅಂಟಿಸಿಕೊಂಡು, ಸ್ನಾನದ ಟವೆಲನ್ನು ಪೇಟದ ಹಾಗೆ ಸುತ್ತಿಕೊಂಡು ಒಬ್ಬ ಸರ್ದಾರ್ಜಿ ವೇದಿಕೆಗೆ ಬಂದಿದ್ದ. ಅವನು ಬಾಯಿ ತೆರೆಯುವ ಮೊದಲೇ ಸಭಾಂಗಣ ನಗತೊಡಗಿತ್ತು. ಗಡಿಯಾರದಲ್ಲಿ ಹನ್ನೆರಡು ಗಂಟೆಯಾಯಿತು ಎಂದಾಗಲಂತೂ ಹಿಂದಿನ ಸಾಲಿನವರು ಬೆಂಚು ಬಡಿದರು. ಆ ಪ್ರಹಸನಕ್ಕೆ ಬಹುಮಾನವೂ ಬಂತು. ಅದನ್ನು ಬರೆದವನು ನಾನು.

ಈ ವರ್ಷ ಪ್ರಹಸನ ಸ್ಪರ್ಧೆಯೇ ಬೇಡ ಎಂಬ ಮಾತು ಕೇಳಿಬರುತ್ತಿದೆ. ಹಾಸ್ಯದ ಹೆಸರಿನಲ್ಲಿ ಡಬಲ್ ಮೀನಿಂಗ್ ಮಾತುಗಳು ಹೆಚ್ಚಾಗಿವೆ, ಕಾಲೇಜಿನ ಶಿಸ್ತಿಗೆ ಅದು ಒಪ್ಪುವುದಿಲ್ಲ ಎನ್ನುವುದು ಕಾರಣ. ನಮ್ಮ ತರಗತಿಯಲ್ಲಿ ಇದರ ಬಗ್ಗೆ ಎರಡು ಪಕ್ಷಗಳಾಗಿವೆ. ನಿಲ್ಲಿಸಲಿ ಎನ್ನುವವರು ಕೆಲವರು. ‘ನಗೆಯನ್ನು ನಗೆಯಾಗಿ ನೋಡಿ ಮಾರಾಯರೇ, ಇಷ್ಟು ಸೂಕ್ಷ್ಮವಾದರೆ ಹೇಗೆ?’ ಎನ್ನುವವರು ಹಲವರು. ನಾನು ಈ ಎರಡೂ ಪಕ್ಷಕ್ಕೆ ಸೇರಿದವನಲ್ಲ. ಬಹುಮಾನ ಪಡೆದವನಾದ್ದರಿಂದ ಸುಮ್ಮನಿರುವುದು ಸರಿಯಲ್ಲ ಎನಿಸಿ ಈ ಲೇಖನ ಬರೆಯುತ್ತಿದ್ದೇನೆ.

ಮೊದಲು ಒಂದು ತಪ್ಪು ತಿಳಿವಳಿಕೆ ಸರಿಪಡಿಸೋಣ. ನಮ್ಮ ಕ್ಯಾಂಟೀನಿನಲ್ಲಿ ಡಬಲ್ ಮೀನಿಂಗ್ ಎಂದರೆ ಇರುವುದು ಒಂದೇ ಮೀನಿಂಗ್, ಅದು ಮನೆಯಲ್ಲಿ ಹೇಳಲಾಗದ್ದು. ಆದರೆ ಒಂದು ಮಾತಿನಲ್ಲಿ ಎರಡು ಅರ್ಥ ಕಾಣಿಸುವುದು ಕೊಳಕು ಸಂಗತಿಯಾಗಿದ್ದರೆ ನಮ್ಮ ಕನ್ನಡ ವ್ಯಾಕರಣ ಅದಕ್ಕೆ ಶ್ಲೇಷಾಲಂಕಾರ ಎಂಬ ಗೌರವದ ಹೆಸರು ಕೊಡುತ್ತಿರಲಿಲ್ಲ. ಹಳೆಗನ್ನಡ ಕವಿಗಳು ಅದನ್ನು ಬಳಸಿದರು. ಟಿ.ಪಿ. ಕೈಲಾಸಂ ಕನ್ನಡಕ್ಕೆ ಇಂಗ್ಲಿಷನ್ನು ಬೆರೆಸಿ ಪದಗಳನ್ನು ಚೆಂಡಿನ ಹಾಗೆ ಎಸೆದಾಡಿದರು. ಕುಂದಾಪುರ ಕಡೆಯ ಹಟ್ಟಿಕುದ್ರುವಿನಿಂದ ಬಂದ ಎಚ್. ಡುಂಡಿರಾಜರ ಹನಿಗವನಗಳು ನಿಂತಿರುವುದೇ ಶ್ಲೇಷೆಯ ಮೇಲೆ. ಆದ್ದರಿಂದ ಎರಡರ್ಥದ ಮಾತನ್ನೇ ನಿಷೇಧಿಸುತ್ತೇವೆ ಎಂದು ಹೊರಟರೆ ಕನ್ನಡ ಪಠ್ಯಪುಸ್ತಕದಿಂದಲೇ ಆರಂಭಿಸಬೇಕಾದೀತು.

ಮಂಗಳೂರಿನಲ್ಲಂತೂ ಶ್ಲೇಷೆಗಾಗಿ ಯಾರೂ ಕಷ್ಟಪಡಬೇಕಾಗಿಲ್ಲ. ಈ ಊರಿಗೇ ನಾಲ್ಕು ಹೆಸರು. ತುಳುವಿನಲ್ಲಿ ಕುಡ್ಲ, ಬ್ಯಾರಿಯಲ್ಲಿ ಮೈಕಾಲ, ಕೊಂಕಣಿಯಲ್ಲಿ ಕೊಡಿಯಾಲ್, ಕನ್ನಡದಲ್ಲಿ ಮಂಗಳೂರು. ಒಂದು ಭಾಷೆಯಿಂದ ಇನ್ನೊಂದಕ್ಕೆ ದಾಟುವಾಗ ಪದಗಳು ಅರ್ಥ ಬದಲಿಸಿಬಿಡುತ್ತವೆ. ತುಳುವಿನವರು ಗೌರವದಿಂದ ‘ಬಲೆ’ ಎಂದರೆ ಬನ್ನಿ ಎಂದರ್ಥ. ಕನ್ನಡ ಮಾತ್ರ ಬಲ್ಲವನಿಗೆ ಅದು ಮೀನು ಹಿಡಿಯುವ ಬಲೆ. ‘ಉಂಡು’ ಎಂದರೆ ತುಳುವಿನಲ್ಲಿ ಇದೆ ಎಂದು. ಕನ್ನಡದಲ್ಲಿ ಊಟ ಮಾಡಿ ಎಂದು. ಕನ್ನಡದಲ್ಲಿ ‘ಕಲಿ’ ಎಂದರೆ ವಿದ್ಯೆ ಕಲಿಯುವುದು. ತುಳುವಿನಲ್ಲಿ ಕಲಿ ಎಂದರೆ ಶೇಂದಿ. ಕಲಿಯಲು ಬಂದ ಮಕ್ಕಳಿಗೆ ಇಷ್ಟು ಸಾಕಲ್ಲ!

ಪ್ರಥಮ ಪಿಯುಸಿಗೆ ಸೇರಿದ ಹೊಸತರಲ್ಲಿ ಹಾವೇರಿ ಕಡೆಯಿಂದ ಬಂದ ನನ್ನ ಸಹಪಾಠಿಯೊಬ್ಬ ರಸ್ತೆ ಬದಿಯ ಅಂಗಡಿಯಲ್ಲಿ ಎರಡು ಬೊಂಡ ಕೇಳಿದ. ಅವನಿಗೆ ಬೇಕಾಗಿದ್ದದ್ದು ಎಣ್ಣೆಯಲ್ಲಿ ಕರಿದ ಬಿಸಿ ಬೊಂಡ. ಅಂಗಡಿಯಾತ ಎರಡು ಎಳನೀರು ಕೆತ್ತಿ, ಸ್ಟ್ರಾ ಹಾಕಿ ಕೈಗಿತ್ತ. ನಾವು ವಾರವಿಡೀ ನಕ್ಕೆವು. ಅವನೂ ಬಿಡಲಿಲ್ಲ. ‘ನಿಮ್ಮೂರಿನ ಜನ ಬೊಂಡವನ್ನೂ ಸ್ಟ್ರಾ ಹಾಕಿ ಕುಡಿಯುತ್ತಾರೆ, ಹಲ್ಲಿಲ್ಲವೋ ಏನೋ’ ಎಂದು ಹಾಸ್ಟೆಲಿನಲ್ಲೆಲ್ಲ ಹಬ್ಬಿಸಿದ. ಈಗ ಅವನು ನನ್ನ ಆಪ್ತ ಸ್ನೇಹಿತ. ಇಂದಿಗೂ ನನ್ನನ್ನು ಕಂಡರೆ ಅವನು ಕರೆಯುವುದು ‘ಏನಲೇ ಸ್ಟ್ರಾ’ ಎಂದೇ.

ಈ ಘಟನೆಯನ್ನು ಹೇಳಿದ್ದಕ್ಕೆ ಕಾರಣವಿದೆ. ಇದರ ಜೊತೆಗೆ ಇನ್ನೊಂದು ಘಟನೆ ಇಟ್ಟು ನೋಡಿದರೆ ಮಾತ್ರ ನನ್ನ ವಾದ ಅರ್ಥವಾಗುತ್ತದೆ.

ನನ್ನ ತಂದೆ ಬಂದರಿನ ದಕ್ಕೆಯಲ್ಲಿ ಮೀನಿನ ವ್ಯಾಪಾರ ಮಾಡುವವರು. ಹುಟ್ಟಿದ್ದು ಬಂಟ್ವಾಳ ತಾಲೂಕಿನ ಒಂದು ಹಳ್ಳಿಯಲ್ಲಿ. ನಮ್ಮ ಮನೆಮಾತು ಬ್ಯಾರಿ. ಬ್ಯಾರಿಯಲ್ಲಿ ‘ಳ’ ಮತ್ತು ‘ಣ’ಗಳ ಉಚ್ಚಾರ ಇಲ್ಲ, ಅವು ‘ಲ’ ಮತ್ತು ‘ನ’ ಆಗಿಬಿಡುತ್ತವೆ. ಇದು ನಾಲಗೆಯ ದೋಷವಲ್ಲ, ಭಾಷೆಯ ಸ್ವಭಾವ. ಬಂಗಾಳಿಗಳು ‘ವ’ವನ್ನು ‘ಬ’ ಎನ್ನುವುದಿಲ್ಲವೇ, ಹಾಗೆ. ಶಾಲೆಯಲ್ಲಿ ಕನ್ನಡ ಕಲಿತ ನಮಗೆ ‘ಳ’ ಬರುತ್ತದೆ. ಐದನೇ ತರಗತಿಗೆ ಶಾಲೆ ಬಿಟ್ಟ ತಂದೆಗೆ ಬರುವುದಿಲ್ಲ.

ನಾನು ಹೈಸ್ಕೂಲಿನಲ್ಲಿದ್ದಾಗ ಒಂದು ಪೋಷಕರ ಸಭೆಗೆ ಅವರು ಬಂದಿದ್ದರು. ಎಲ್ಲರೂ ಎದ್ದು ನಿಂತು ತಮ್ಮ ಪರಿಚಯ ಹೇಳಬೇಕಿತ್ತು. ಇವರು ಎದ್ದು, ‘ನಾವು ಮೂಲದಲ್ಲಿ ಹಲ್ಲಿಯವರು’ ಎಂದರು. ಹಳ್ಳಿ ಎನ್ನಲು ಹೋಗಿ ಹಲ್ಲಿ ಎಂದದ್ದು. ಯಾರೋ ಒಬ್ಬರು ಗೋಡೆಯ ಕಡೆ ನೋಡಿದರು. ಇನ್ನೊಬ್ಬರು ‘ಲೊಚ್ ಲೊಚ್’ ಎಂದರು. ಇಡೀ ಕೋಣೆ ನಕ್ಕಿತು. ತಂದೆಗೆ ಏನಾಯಿತೆಂದು ತಿಳಿಯಲಿಲ್ಲ. ಎಲ್ಲರೂ ನಗುತ್ತಿದ್ದಾರಲ್ಲ ಎಂದು ಅವರೂ ನಕ್ಕರು. ಮನೆಗೆ ಹೋಗುವ ದಾರಿಯಲ್ಲಿ ‘ಅವರು ಯಾಕೆ ನಕ್ಕರು ಮಗಾ?’ ಎಂದು ಕೇಳಿದರು. ನಾನು ಹೇಳಿದೆ. ಆ ದಿನದಿಂದ ಇಂದಿನವರೆಗೆ ಅವರು ಯಾವ ಪೋಷಕರ ಸಭೆಗೂ ಬಂದಿಲ್ಲ, ತಾಯಿಯೇ ಬರುತ್ತಾರೆ. ಬ್ಯಾಂಕಿನಲ್ಲಿ, ಆಸ್ಪತ್ರೆಯಲ್ಲಿ ಕನ್ನಡದಲ್ಲಿ ಮಾತನಾಡಬೇಕಾದರೆ ನನ್ನನ್ನು ಮುಂದೆ ನಿಲ್ಲಿಸುತ್ತಾರೆ.

ಇನ್ನೂ ಒಂದನ್ನು ಮುಚ್ಚಿಡದೆ ಹೇಳಬೇಕು. ಅಂದು ಆ ಕೋಣೆಯಲ್ಲಿ ನಾನೂ ನಕ್ಕಿದ್ದೆ.

ಈಗ ಈ ಎರಡನ್ನು ಹೋಲಿಸಿ ನೋಡಿ. ಬೊಂಡದಲ್ಲೂ ಎರಡರ್ಥ ಇತ್ತು, ಹಲ್ಲಿಯಲ್ಲೂ ಎರಡರ್ಥ ಇತ್ತು. ಎರಡೂ ಕಡೆ ಅಶ್ಲೀಲವಾದದ್ದು ಏನೂ ಇರಲಿಲ್ಲ. ಶಿಸ್ತಿನ ಸಮಿತಿ ಎರಡನ್ನೂ ಪಾಸು ಮಾಡುತ್ತಿತ್ತು. ಆದರೂ ಒಂದರಿಂದ ಸ್ನೇಹ ಹುಟ್ಟಿತು, ಇನ್ನೊಂದರಿಂದ ಒಬ್ಬ ಮನುಷ್ಯನ ಬಾಯಿ ಮುಚ್ಚಿತು. ವ್ಯತ್ಯಾಸ ಎಲ್ಲಿದೆ? ಹಾವೇರಿಯ ಗೆಳೆಯ ತಿರುಗಿ ಉತ್ತರ ಕೊಡಬಲ್ಲವನಾಗಿದ್ದ, ಕೊಟ್ಟ. ನನ್ನ ತಂದೆಗೆ ತಮ್ಮ ಮಾತಿಗೆ ಎರಡನೇ ಅರ್ಥ ಇದೆ ಎಂಬುದೇ ಗೊತ್ತಿರಲಿಲ್ಲ. ಪದದೊಂದಿಗೆ ಆಡುವುದು ಬೇರೆ, ಪದದಲ್ಲಿ ಸಿಕ್ಕಿಬಿದ್ದವನೊಂದಿಗೆ ಆಡುವುದು ಬೇರೆ.

ಹಾಗಾದರೆ ಸರ್ದಾರ್ಜಿಯ ವಿಷಯಕ್ಕೆ ಬರೋಣ. ಪ್ರಹಸನ ಬರೆಯುವಾಗ ನಾನು ಒಬ್ಬ ಸಿಖ್ಖರನ್ನೂ ಹತ್ತಿರದಿಂದ ನೋಡಿರಲಿಲ್ಲ. ಅವರು ಎಲ್ಲೋ ದೂರದ ಪಂಜಾಬಿನವರು, ಮಂಗಳೂರಿನಲ್ಲಿ ಯಾರಿಗೂ ನೋವಾಗದು ಎಂದುಕೊಂಡಿದ್ದೆ. ಮೊಬೈಲಿನಲ್ಲಿ ಬಂದ ಸಂತಾ ಬಂತಾ ಜೋಕುಗಳನ್ನು ಜೋಡಿಸಿದರೆ ಪ್ರಹಸನ ಸಿದ್ಧವಾಯಿತು. ಬಹುಮಾನ ಬಂದ ಮೇಲೆ, ಬೇಸಿಗೆ ರಜೆಯಲ್ಲಿ, ಒಂದು ಹಾಸ್ಯ ನಾಟಕ ನೋಡಲು ಹೋದೆ. ಅದರಲ್ಲಿ ಲುಂಗಿ, ಟೊಪ್ಪಿ, ಅಗಲ ಬೆಲ್ಟು ತೊಟ್ಟ ಒಬ್ಬ ಬ್ಯಾರಿ ಬಂದ. ಅವನಿಗೆ ಕಥೆಯಲ್ಲಿ ಯಾವ ಕೆಲಸವೂ ಇರಲಿಲ್ಲ. ‘ಳ’ಕ್ಕೆ ‘ಲ’ ಎನ್ನುವುದೇ ಅವನ ಕೆಲಸ. ಅವನು ಬಾಯಿ ತೆರೆಯುವ ಮೊದಲೇ ಜನ ನಕ್ಕರು. ಕತ್ತಲಲ್ಲಿ ಕುಳಿತ ನನಗೆ ನನ್ನದೇ ಸರ್ದಾರ್ಜಿ ನೆನಪಾದ. ಟವೆಲಿನ ಬದಲು ಲುಂಗಿ, ಅಷ್ಟೇ ವ್ಯತ್ಯಾಸ.

ಅನಂತರ ನಾನು ಪಂಜಾಬಿನ ಹಾಸ್ಯದ ಬಗ್ಗೆ ಓದತೊಡಗಿದೆ. ಆಗ ಗೊತ್ತಾಯಿತು, ನಾನು ಯಾರನ್ನು ಪೆದ್ದರೆಂದು ತೋರಿಸಿದ್ದೆನೋ ಅವರು ಮಾತಿನ ಆಟದಲ್ಲಿ ನನಗಿಂತ ಎಷ್ಟೋ ಮುಂದಿದ್ದವರು ಎಂದು.

ಸಿಖ್ಖರಲ್ಲಿ ನೀಲಿ ಉಡುಪಿನ ನಿಹಂಗರೆಂಬ ಯೋಧರ ಪಂಗಡವಿದೆ. 18ನೇ ಶತಮಾನದಲ್ಲಿ ಮೊಘಲ್ ಸುಬೇದಾರರ ಮತ್ತು ಅಫ್ಘನ್ ಸೇನೆಗಳ ದಾಳಿಗೆ ಸಿಕ್ಕಿ ಸಿಖ್ಖರು ಕಾಡುಗಳಲ್ಲಿ ಅಲೆಯಬೇಕಾಗಿತ್ತು. ಊಟಕ್ಕೆ ಕಷ್ಟ, ಜನ ಕಡಿಮೆ. ಆ ಕಾಲದ ನೆನಪಿನಿಂದ ಬಂದ ಒಂದು ವಿಶಿಷ್ಟ ಮಾತುಗಾರಿಕೆ ಅವರಲ್ಲಿ ಇಂದಿಗೂ ಉಳಿದಿದೆ. ಅದನ್ನು ಖಾಲ್ಸಾ ಬೋಲೇ ಎನ್ನುತ್ತಾರೆ. ಕಡಲೆ ತಿನ್ನುವಾಗ ಬಾದಾಮಿ ತಿನ್ನುತ್ತಿದ್ದೇವೆ ಎನ್ನುವುದು. ಈರುಳ್ಳಿಗೆ ಬೆಳ್ಳಿ ಎನ್ನುವುದು. ಮೆಣಸಿಗೆ ಜಗಳಗಂಟಿ ಎಂದು ಹೆಸರು. ಒಬ್ಬನೇ ಯೋಧ ಬಂದರೆ ‘ಸವಾ ಲಾಖ್’, ಅಂದರೆ 1,25,000 ಮಂದಿ ಬಂದರು ಎಂದು ಹೇಳುವುದು. ಯಾರಾದರೂ ಸತ್ತರೆ ದಂಡಯಾತ್ರೆಗೆ ಹೊರಟರು ಎನ್ನುವುದು. ಇದೂ ಡಬಲ್ ಮೀನಿಂಗೇ. ಆದರೆ ಇಲ್ಲಿ ನಗುವವನು ನಗುವುದು ತನ್ನ ಬಡತನವನ್ನು ನೋಡಿ, ತನ್ನ ಹಸಿವನ್ನು ನೋಡಿ.

ಇದನ್ನು ಓದಿದಾಗ ನನಗೆ ನಮ್ಮ ಅಜ್ಜಿ ನೆನಪಾದರು. ಮಳೆಗಾಲದಲ್ಲಿ ಮೀನುಗಾರಿಕೆ ನಿಂತು ಕೈಯಲ್ಲಿ ಹಣ ಇಲ್ಲದಾಗ ಮನೆಯಲ್ಲಿ ಗಂಜಿ, ಚಟ್ನಿ ಮಾತ್ರ ಇರುತ್ತಿತ್ತು. ‘ಬನ್ನಿ ಮಕ್ಕಳೇ, ಇವತ್ತು ಬಿಳಿ ಬಿರಿಯಾನಿ’ ಎಂದು ಅಜ್ಜಿ ಕರೆಯುತ್ತಿದ್ದರು. ನಾವು ನಗುತ್ತಾ ಉಣ್ಣುತ್ತಿದ್ದೆವು. ಅಜ್ಜಿಗೆ ನಿಹಂಗರ ಹೆಸರೇ ಗೊತ್ತಿರಲಿಲ್ಲ. ಆದರೆ ಇಬ್ಬರೂ ಆಡಿದ ಆಟ ಒಂದೇ.

ಪಂಜಾಬಿನಲ್ಲಿ ಎದುರಾಳಿಯನ್ನು ಕೆಣಕುವ ಹಾಸ್ಯವೂ ಧಾರಾಳವಾಗಿದೆ. ಅಲ್ಲಿನ ಮದುವೆಗಳಲ್ಲಿ ಹುಡುಗಿಯ ಕಡೆಯ ಹೆಂಗಸರು ವರನ ಕಡೆಯವರನ್ನು ಹಾಡಿನಲ್ಲೇ ಬೈಯುವ ಸಂಪ್ರದಾಯವಿದೆ, ಅದಕ್ಕೆ ಸಿಠಣಿ ಎಂದು ಹೆಸರು. ವರನ ಮೂಗು, ಅವನ ತಾಯಿಯ ಜಿಪುಣತನ, ಅತ್ತೆಯ ಬಾಯಿ, ಯಾವುದನ್ನೂ ಬಿಡುವುದಿಲ್ಲ. ಕೇಳುವವರು ಕೋಪ ಮಾಡಿಕೊಳ್ಳುವಂತಿಲ್ಲ. ಒಂದು ವಿಷಯ ಗಮನಿಸಿ. ಹೆಣ್ಣಿನ ಕಡೆಯವರು ತಗ್ಗಿ ಬಗ್ಗಿ ನಿಲ್ಲಬೇಕಾದ ಸಮಾಜದಲ್ಲಿ ಆ ಒಂದು ದಿನ ಅವರಿಗೆ ಬೈಯುವ ಹಕ್ಕು. ಮಾತು ಹರಿಯುವುದು ಕೆಳಗಿನಿಂದ ಮೇಲಕ್ಕೆ. ನಮ್ಮ ಮೈಲಾಂಜಿ ರಾತ್ರಿಗಳಲ್ಲಿ ನನ್ನ ಚಿಕ್ಕಮ್ಮಂದಿರು ಮದುಮಗನ ಕಡೆಯವರನ್ನು ಕಾಡುವುದನ್ನು ನೋಡಿದವನಿಗೆ ಇದು ಅಪರಿಚಿತವೆನಿಸದು.

ಇನ್ನೊಂದು ಜುಗತ್. ನಮ್ಮ ಯುಕ್ತಿ ಎಂಬ ಪದಕ್ಕೆ ಇದು ಹತ್ತಿರದ ಸಂಬಂಧಿ. ಗಡಿಯ ಆಚೆಯ ಲಾಹೋರ್, ಫೈಸಲಾಬಾದ್‌ಗಳ ಪಂಜಾಬಿ ರಂಗಭೂಮಿ ಇದಕ್ಕೆ ಹೆಸರಾಗಿದೆ. ಅದಕ್ಕೂ ಹಿಂದೆ ಭಾಂಡರೆಂಬ ಕಲಾವಿದರು ಜೋಡಿಯಾಗಿ ಬಂದು ಮದುವೆ ಮನೆಗಳಲ್ಲಿ ಜನರನ್ನು ನಗಿಸುತ್ತಿದ್ದರು. ಒಬ್ಬ ಪ್ರಶ್ನೆ ಹಾಕುತ್ತಾನೆ, ಇನ್ನೊಬ್ಬ ವಕ್ರವಾಗಿ ಉತ್ತರಿಸುತ್ತಾನೆ, ಮೊದಲನೆಯವನು ಚರ್ಮದ ಪಟ್ಟಿಯಿಂದ ಪಟೀರೆಂದು ಅವನ ಅಂಗೈಗೆ ಬಾರಿಸುತ್ತಾನೆ. ಜುಗತ್ ಒಬ್ಬನಿಂದ ಆಗುವ ಕೆಲಸವಲ್ಲ. ಒಂದು ಮಾತಿಗೆ ಇನ್ನೊಂದು ಮಾತು ಬರಬೇಕು. ಎದುರಿನವನು ಸುಮ್ಮನಾದರೆ ಆಟ ಮುಗಿಯಿತು.

ನಮ್ಮ ಕರಾವಳಿಯ ತಾಳಮದ್ದಳೆ ಕೂಡ ಹೀಗೆಯೇ ಅಲ್ಲವೇ? ವೇಷವಿಲ್ಲ, ಕುಣಿತವಿಲ್ಲ. ಭಾಗವತರ ಎರಡು ಬದಿಯಲ್ಲಿ ಅರ್ಥಧಾರಿಗಳು ಎದುರುಬದುರು ಕುಳಿತು ಮಾತಿನಲ್ಲೇ ಯುದ್ಧ ಮಾಡುತ್ತಾರೆ. ಒಬ್ಬರು ಆಡಿದ ಪದವನ್ನು ಇನ್ನೊಬ್ಬರು ಎತ್ತಿಕೊಂಡು, ಬೇರೆ ಅರ್ಥ ಹಚ್ಚಿ ಮರಳಿ ಎಸೆಯುತ್ತಾರೆ. ಅರ್ಥಗಾರಿಕೆಗೆ ಹೆಸರಾದ ಶೇಣಿ ಗೋಪಾಲಕೃಷ್ಣ ಭಟ್ಟರು ಬಪ್ಪನಾಡು ಕ್ಷೇತ್ರ ಮಹಾತ್ಮೆ ಪ್ರಸಂಗದ ಬಪ್ಪ ಬ್ಯಾರಿಯ ಪಾತ್ರದಿಂದಲೂ ಜನಪ್ರಿಯರಾಗಿದ್ದರು. ಮೂಲ್ಕಿಯ ಬಪ್ಪನಾಡು ದೇವಸ್ಥಾನದ ಸ್ಥಳಪುರಾಣದಲ್ಲಿ ಬರುವ ಮುಸ್ಲಿಂ ವರ್ತಕ ಈ ಬಪ್ಪ ಬ್ಯಾರಿ. ಅಲ್ಲಿ ಬ್ಯಾರಿ ಕಥೆಯ ನಡುವೆ ನಿಂತ ವ್ಯಕ್ತಿ, ಅವನಿಲ್ಲದೆ ಕಥೆಯೇ ಇಲ್ಲ. ನಾನು ನೋಡಿದ ನಾಟಕದ ಬ್ಯಾರಿಯನ್ನು ಕಥೆಯಿಂದ ತೆಗೆದರೆ ಏನೂ ಕಡಿಮೆಯಾಗುತ್ತಿರಲಿಲ್ಲ. ಬ್ಯಾರಿಯನ್ನು ವೇದಿಕೆಗೆ ತರಬೇಡಿ ಎಂಬುದು ನನ್ನ ಬೇಡಿಕೆಯಲ್ಲ. ತಂದರೆ ಅವನಿಗೆ ಮಾತು ಕೊಡಿ ಎಂಬುದು ನನ್ನ ಬೇಡಿಕೆ.

ಈಗ ಗೆಳೆಯರ ಮುಖ್ಯ ಆಕ್ಷೇಪಕ್ಕೆ ಬರುತ್ತೇನೆ. ಸರ್ದಾರ್ ಜೋಕುಗಳನ್ನು ಸರ್ದಾರರೇ ಹೇಳಿಕೊಳ್ಳುತ್ತಾರಲ್ಲ ಎನ್ನುತ್ತಾರೆ. ಹೌದು, ಖುಷ್ವಂತ್ ಸಿಂಗ್ ಸ್ವತಃ ಸಿಖ್ಖರು, ಅವರ ಜೋಕಿನ ಪುಸ್ತಕಗಳು ಸಾಲುಸಾಲಾಗಿ ಬಂದವು. ಜಸ್ಪಾಲ್ ಭಟ್ಟಿ ಪೇಟ ಧರಿಸಿಯೇ 1989ರಲ್ಲಿ ದೂರದರ್ಶನದಲ್ಲಿ ‘ಫ್ಲಾಪ್ ಶೋ’ ಮಾಡಿ ಇಡೀ ದೇಶವನ್ನು ನಗಿಸಿದರು. ಆದರೆ ಭಟ್ಟಿಯವರ ಪೇಟ ಅಲ್ಲಿ ಜೋಕಾಗಿರಲಿಲ್ಲ. ಸುಳ್ಳು ಬಿಲ್ಲು ಬರೆಯುವ ಅಧಿಕಾರಿ, ಕಳಪೆ ಕಟ್ಟಡದ ಗುತ್ತಿಗೆದಾರ, ವಿದ್ಯಾರ್ಥಿಯನ್ನು ಆಳಿನಂತೆ ದುಡಿಸುವ ಪ್ರೊಫೆಸರು, ಇಂಥವರ ಮೇಲೆ ಅವರ ನಗೆ ಹರಿಯಿತು. ನನ್ನ ಪ್ರಹಸನದಲ್ಲಿ ಪೇಟವೇ ಜೋಕು. ಅದನ್ನು ಬಿಚ್ಚಿಟ್ಟರೆ ಒಳಗೆ ಏನೂ ಇರಲಿಲ್ಲ.

ಎಲ್ಲ ಸಿಖ್ಖರೂ ಈ ಜೋಕುಗಳಿಗೆ ನಗುತ್ತಾರೆ ಎಂಬುದೂ ನಿಜವಲ್ಲ. 2015ರಲ್ಲಿ ಸಿಖ್ ವಕೀಲೆಯೊಬ್ಬರು ಸರ್ದಾರ್ ಜೋಕುಗಳನ್ನು ತಡೆಯಬೇಕೆಂದು ಸುಪ್ರೀಂ ಕೋರ್ಟಿಗೆ ಹೋದರು. ತಮ್ಮ ಮಕ್ಕಳು ಹೆಸರಿನ ಜೊತೆ ಸಿಂಗ್, ಕೌರ್ ಎಂದು ಸೇರಿಸಿಕೊಳ್ಳಲು ಹಿಂಜರಿಯುತ್ತಿದ್ದಾರೆ ಎಂಬುದು ಅವರ ಅಳಲಾಗಿತ್ತು. 2017ರ ಫೆಬ್ರವರಿಯಲ್ಲಿ ನ್ಯಾಯಾಲಯ, ನಾಗರಿಕರು ಹೇಗೆ ನಡೆದುಕೊಳ್ಳಬೇಕೆಂದು ನೈತಿಕ ಮಾರ್ಗಸೂಚಿ ಹೊರಡಿಸುವುದು ನ್ಯಾಯಾಲಯದ ಕೆಲಸವಲ್ಲ ಎಂಬ ನಿಲುವು ತಳೆಯಿತು. ನನಗೆ ಈ ಎರಡೂ ಸರಿಯೆನಿಸುತ್ತದೆ. ಆ ತಾಯಿಯ ನೋವು ನಿಜ. ಮಗ ತನ್ನ ಹೆಸರಿಗೆ ನಾಚುವುದಕ್ಕೂ ಅಪ್ಪ ತನ್ನ ಮಾತಿಗೆ ನಾಚುವುದಕ್ಕೂ ದೊಡ್ಡ ವ್ಯತ್ಯಾಸವಿಲ್ಲ. ನ್ಯಾಯಾಲಯ ಹೇಳಿದ್ದೂ ನಿಜ. ಜೋಕಿಗೆ ಪೊಲೀಸರನ್ನು ಕಾವಲು ಇಡಲಾಗುವುದಿಲ್ಲ. ಹಾಗಾದರೆ ಉಳಿದದ್ದು ಯಾರ ಜವಾಬ್ದಾರಿ? ಬರೆಯುವವನದು, ನಗುವವನದು.

ಇನ್ನು, ಸಿಖ್ಖರು ದೂರದವರು ಎಂಬ ನನ್ನ ಕಲ್ಪನೆಯೂ ತಪ್ಪಾಗಿತ್ತು. ನಮ್ಮದೇ ರಾಜ್ಯದ ಬೀದರಿನಲ್ಲಿ ಗುರುನಾನಕ್ ಝೀರಾ ಎಂಬ ಪ್ರಸಿದ್ಧ ಗುರುದ್ವಾರವಿದೆ. ಗುರು ಗೋಬಿಂದ್ ಸಿಂಗರು 1699ರಲ್ಲಿ ಖಾಲ್ಸಾ ಸ್ಥಾಪಿಸಿದಾಗ ತಲೆ ಕೊಡಲು ಮುಂದೆ ಬಂದ ಐವರಲ್ಲಿ ಒಬ್ಬರಾದ ಭಾಯಿ ಸಾಹಿಬ್ ಸಿಂಗ್ ಬೀದರಿನವರು. ಅದೇ ಬೀದರಿನಲ್ಲಿ 1988ರಲ್ಲಿ ಸಿಖ್ ವಿದ್ಯಾರ್ಥಿಗಳ ಮೇಲೆ ದಾಳಿಗಳು ನಡೆದು ಪ್ರಾಣಹಾನಿಯಾಯಿತು. ನಮ್ಮ ಹಾಗೆ ಓದಲು ಬಂದವರು ಅವರು. ಜೋಕಿಗೂ ಆ ದಾಳಿಗೂ ನೇರ ಸಂಬಂಧವಿದೆ ಎಂದು ನಾನು ಹೇಳುತ್ತಿಲ್ಲ. ಆದರೆ ಒಂದು ಸಮುದಾಯದ ಬಗ್ಗೆ ನಮಗೆ ಹತ್ತು ಜೋಕು ಗೊತ್ತಿದ್ದು ಇಂಥ ಒಂದು ಸಂಗತಿಯೂ ಗೊತ್ತಿಲ್ಲದಿದ್ದರೆ ನಮ್ಮ ಕಲಿಕೆಯಲ್ಲಿ ಏನೋ ಕೊರತೆಯಿದೆ.

ಕೆಲವರು ಧರ್ಮದ ಮಾತೆತ್ತಿ, ತಮಾಷೆಯೇ ಬೇಡ ಎನ್ನುವುದುಂಟು. ಅವರಿಗೆ ಗೌರವದಿಂದ ಒಂದು ಪ್ರಸಂಗ ನೆನಪಿಸುತ್ತೇನೆ. ತಿರ್ಮಿದಿ ಮತ್ತು ಅಬೂ ದಾವೂದ್ ಹದೀಸ್ ಸಂಗ್ರಹಗಳಲ್ಲಿ ಇದು ಬರುತ್ತದೆ. ಒಬ್ಬರು ಪ್ರವಾದಿ ಮುಹಮ್ಮದ್ (ಸ) ಅವರಲ್ಲಿ ಸವಾರಿಗೆ ಒಂದು ಒಂಟೆ ಕೇಳಿದರು. ಹೆಣ್ಣೊಂಟೆಯ ಮರಿಯೊಂದನ್ನು ಕೊಡುತ್ತೇನೆ ಎಂದರು ಪ್ರವಾದಿಯವರು. ಮರಿಯನ್ನು ತೆಗೆದುಕೊಂಡು ನಾನೇನು ಮಾಡಲಿ ಎಂದು ಆತ ಗಲಿಬಿಲಿಗೊಂಡರು. ಎಲ್ಲ ಒಂಟೆಯೂ ಒಂದು ಹೆಣ್ಣೊಂಟೆಯ ಮರಿಯೇ ತಾನೇ ಎಂದು ಉತ್ತರ ಬಂತು. ಮರಿ ಎಂಬ ಪದದ ಎರಡರ್ಥದ ಮೇಲೆ ನಿಂತ ತಮಾಷೆ ಇದು. ಆದರೆ ಇದರಲ್ಲಿ ಸುಳ್ಳಿಲ್ಲ, ಅವಮಾನವಿಲ್ಲ. ಕೊನೆಗೆ ಆ ಮನುಷ್ಯನೂ ನಗಬಹುದು, ಮತ್ತು ಒಂಟೆಯೂ ಸಿಗುತ್ತದೆ.

ಇದೇ ಪರಂಪರೆಯಲ್ಲಿ ಕುರ್‌ಆನಿನ ಅಲ್ ಹುಜುರಾತ್ ಅಧ್ಯಾಯದ 11ನೇ ವಚನವೂ ಇದೆ. ಒಂದು ಜನಾಂಗ ಇನ್ನೊಂದನ್ನು ಗೇಲಿ ಮಾಡುವುದನ್ನೂ ಅಡ್ಡಹೆಸರುಗಳಿಂದ ಕರೆಯುವುದನ್ನೂ ಅದು ತಡೆಯುತ್ತದೆ. ನಾವು ಗೇಲಿ ಮಾಡುವವರು ನಮಗಿಂತ ಉತ್ತಮರಿರಬಹುದು ಎಂಬ ಎಚ್ಚರಿಕೆಯೂ ಅಲ್ಲಿದೆ. ನಿಹಂಗರ ಬಗ್ಗೆ ಓದಿದ ದಿನ ಆ ಎಚ್ಚರಿಕೆ ನನಗೇ ಹೇಳಿದಂತೆ ಕೇಳಿಸಿತು. ತಮಾಷೆಗೆ ಅವಕಾಶ, ಗೇಲಿಗೆ ತಡೆ. ಬೇರೆ ಧರ್ಮದ ಗೆಳೆಯರೂ ತಮ್ಮ ತಮ್ಮ ಮನೆಗಳಲ್ಲಿ ಇದೇ ಮಾತನ್ನು ಬೇರೆ ಪದಗಳಲ್ಲಿ ಕೇಳಿರುತ್ತಾರೆ.

ಹಾಗಾಗಿ ಸಾಂಸ್ಕೃತಿಕ ಸಮಿತಿಯ ಉಪನ್ಯಾಸಕರಲ್ಲಿ ನನ್ನ ವಿನಂತಿ ಇದು. ದಯವಿಟ್ಟು ಪ್ರಹಸನ ಸ್ಪರ್ಧೆಯನ್ನು ನಿಲ್ಲಿಸಬೇಡಿ. ನಿಲ್ಲಿಸಿದರೆ ನಗೆ ವೇದಿಕೆಯಿಂದ ಇಳಿದು ಹಿಂದಿನ ಬೆಂಚಿಗೂ ವಾಟ್ಸ್‌ಆ್ಯಪ್ ಗ್ರೂಪಿಗೂ ಹೋಗುತ್ತದೆ. ಅಲ್ಲಿ ಯಾರು ಯಾರನ್ನು ಹಲ್ಲಿ ಎಂದರು ಎಂಬುದು ನಿಮ್ಮ ಗಮನಕ್ಕೂ ಬರುವುದಿಲ್ಲ. ಬದಲಾಗಿ ಎರಡು ನಿಯಮ ತನ್ನಿ. ಒಂದು, ಒಬ್ಬರ ಉಚ್ಚಾರ, ಉಡುಪು ಅಥವಾ ಮೈಬಣ್ಣವೇ ಇಡೀ ಜೋಕಾಗಿರುವ ಪಾತ್ರ ಬೇಡ. ಎರಡು, ಯಾವ ಸಮುದಾಯದ, ಯಾವ ಊರಿನ ಪಾತ್ರವನ್ನು ತರುತ್ತೇವೆಯೋ ಆ ಕಡೆಯ ಒಬ್ಬರಿಗಾದರೂ ಮೊದಲೇ ಓದಿ ಹೇಳಬೇಕು. ಅವರು ನಕ್ಕರೆ ಮುಂದಿನ ಹೆಜ್ಜೆ.

ಜೊತೆಗೆ ಹೊಸದೊಂದು ಸ್ಪರ್ಧೆಯನ್ನೂ ಸೇರಿಸಬಹುದು. ಜುಗತ್ ಎನ್ನಿ, ಮಾತಿನ ಮದ್ದಳೆ ಎನ್ನಿ. ಇಬ್ಬಿಬ್ಬರ ತಂಡ, ಎದುರುಬದುರು ಕುಳಿತು, ಕನ್ನಡ, ತುಳು, ಬ್ಯಾರಿ, ಕೊಂಕಣಿ, ಉರ್ದು ಯಾವುದರಲ್ಲಾದರೂ ಪದಕ್ಕೆ ಪದ ಎಸೆಯಲಿ. ಬೊಂಡಕ್ಕೆ ಬೊಂಡ, ಕಲಿಗೆ ಕಲಿ. ಉತ್ತರ ಕೊಡಲಾಗದಂತೆ ಅವಮಾನ ಮಾಡಿದವರಿಗೆ ಅಂಕ ಕಡಿತ. ಇಷ್ಟು ಭಾಷೆಗಳು ಒಂದೇ ಕಾರಿಡಾರಿನಲ್ಲಿ ಓಡಾಡುವ ಕಾಲೇಜುಗಳು ಎಲ್ಲ ಕಡೆ ಇಲ್ಲ. ಇದನ್ನು ನಾವು ಬಳಸಿಕೊಳ್ಳದಿದ್ದರೆ ನಷ್ಟ ನಮಗೇ.

ವಿದ್ಯಾರ್ಥಿ ಮಿತ್ರರಲ್ಲಿಯೂ ಒಂದು ಮಾತು. ಸೂಕ್ಷ್ಮವಾಗಬೇಡ ಎಂದು ಹೇಳುವ ಮೊದಲು, ನಾವು ನಗುತ್ತಿರುವುದು ಮಾತಿಗೋ ಮನುಷ್ಯನಿಗೋ ಎಂದು ಒಮ್ಮೆ ನೋಡಿಕೊಳ್ಳೋಣ. ಎದುರಿನವರು ಸುಮ್ಮನೆ ನಮ್ಮ ಜೊತೆ ನಗುತ್ತಿದ್ದಾರೆ ಎಂದ ಮಾತ್ರಕ್ಕೆ ಅವರಿಗೆ ನೋವಾಗಿಲ್ಲ ಎಂದು ತಿಳಿಯಬೇಡಿ. ನನ್ನ ತಂದೆಯೂ ಅಂದು ನಕ್ಕಿದ್ದರು.

ಈ ವರ್ಷಕ್ಕೆ ನಾನು ಒಂದು ಹೊಸ ಪ್ರಹಸನ ಬರೆದಿದ್ದೇನೆ. ದಕ್ಕೆಯ ಒಂದು ಮುಂಜಾವಿನ ಕಥೆ. ಅದರಲ್ಲಿ ಒಬ್ಬ ಬ್ಯಾರಿ ಮೀನು ವ್ಯಾಪಾರಿ ಇದ್ದಾನೆ. ನಾನೇ ಹಾಕಿಕೊಂಡ ನಿಯಮದಂತೆ ಮೊದಲು ತಂದೆಗೆ ಓದಿ ಹೇಳಿದೆ. ಓದಲು ಹೆದರಿಕೆಯಾಗಿತ್ತು. ಎರಡು ಕಡೆ ಅವರು ನಗಲಿಲ್ಲ, ಆ ಎರಡನ್ನೂ ತೆಗೆದೆ. ಕೊನೆಯಲ್ಲಿ ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು ಬ್ಯಾರಿಯಲ್ಲಿ ಹೇಳಿದರು, ‘ಒಂದು ಮಾತು ನಾನು ಸೇರಿಸಲಾ? ವ್ಯಾಪಾರಿ ಹೀಗೆ ಹೇಳಲಿ: ದಕ್ಕೆಯಲ್ಲಿ ಮೀನು ಕೊಳ್ಳುವವರೂ ಇದ್ದಾರೆ, ಕೊಲ್ಲುವವರೂ ಇದ್ದಾರೆ. ನನ್ನ ಬಾಯಲ್ಲಿ ಇಬ್ಬರೂ ಒಂದೇ. ಚೌಕಾಸಿ ಮಾಡುವಾಗ ನೋಡಿದರೆ ಅದೇ ಸರಿ!’

ಅವರ ಬಾಯಲ್ಲಿ ಎರಡೂ ‘ಕೊಲ್ಲುವವರು’ ಎಂದೇ ಬಂದವು. ಅದು ಅವರಿಗೆ ಗೊತ್ತಿತ್ತು. ಗೊತ್ತಿದ್ದೇ ಹೇಳಿದರು. ನಾವಿಬ್ಬರೂ ಜೋರಾಗಿ ನಕ್ಕೆವು, ಅಡುಗೆ ಮನೆಯಿಂದ ತಾಯಿ ಬಂದು ಏನಾಯಿತೆಂದು ಕೇಳಿದರು. ಆ ಸಾಲನ್ನು ಹಾಗೆಯೇ ಸೇರಿಸಿದ್ದೇನೆ. ಸ್ಪರ್ಧೆ ನಡೆದರೆ ನೋಡಲು ಬರುತ್ತೇನೆ ಎಂದಿದ್ದಾರೆ. ಆದ್ದರಿಂದ ಸಮಿತಿಯವರೇ, ಸ್ಪರ್ಧೆಯನ್ನು ರದ್ದು ಮಾಡುವ ಮೊದಲು ದಯವಿಟ್ಟು ಇನ್ನೊಮ್ಮೆ ಯೋಚಿಸಿ.